ನಾಲ್ಕು ತಾಲ್ಲೂಕುಗಳ ಆಟದ ಬಯಲು

ದಾವಣಗೆರೆ ಎಂದೊಡನೆ ಬೆಣ್ಣೆದೋಸೆಯನ್ನು ನೆನೆಯದವರು ವಿರಳ. ಹಿಂದೊಮ್ಮೆ ಹತ್ತಿಯ ಗಿರಣಿಗಳಿಂದಾಗಿ ಕರ್ನಾಟಕದ ಮ್ಯಾಂಚೆಸ್ಟರ್ ಎನಿಸಿಕೊಂಡಿದ್ದ ಈ ನಗರವನ್ನು ರೈಲಿನಲ್ಲಿ ದಾಟಿಹೋಗುವ ಪ್ರಯಾಣಿಕರಿಗೆ ಅದರ ಸುತ್ತಲಿನ ಸೀಮೆಯ ಪರಿಚಯ ಅಷ್ಟಾಗಿ ಆಗುವುದಿಲ್ಲ. ದಕ್ಷಿಣಕ್ಕೆ ಚನ್ನಗಿರಿ, ನೈಋತ್ಯಕ್ಕೆ ಹೊನ್ನಾಳಿ ಮತ್ತು ನ್ಯಾಮತಿ, ಪೂರ್ವಕ್ಕೆ ಜಗಳೂರು. ಈ ನಾಲ್ಕು ಪಟ್ಟಣಗಳಲ್ಲಿ ಒಂದರಲ್ಲಿಯೂ ರೈಲುನಿಲ್ದಾಣವಿಲ್ಲ. ಹೋಗಬೇಕಾದವರು ಬಸ್ಸನ್ನೇ ನಂಬಬೇಕು. ಕೋಟೆಯನ್ನೋ ಪುಷ್ಕರಣಿಯನ್ನೋ ಜಾತ್ರೆಯನ್ನೋ ನೋಡಲು ಹೋದವರು ಅವುಗಳನ್ನು ನೋಡಿ ಹಿಂದಿರುಗುತ್ತಾರೆ. ಊರಿನ ಅಂಚಿನಲ್ಲಿ, ಕಾಲೇಜಿನ ಹಿಂದುಗಡೆ, ಸುಣ್ಣದ ಗೆರೆ ಎಳೆದ ಒಂದು ಬಯಲು ಇರುತ್ತದೆ. ಅದರ ಕಡೆಗೆ ಅವರ ದೃಷ್ಟಿ ಹೊರಳುವುದು ಅಪರೂಪ.

ಆದರೆ ಆ ಬಯಲಿಗೆ ತನ್ನದೇ ಆದ ಒಂದು ಮಹತ್ವವುಂಟು. ವಿಶ್ವವಿದ್ಯಾನಿಲಯದ ಹೆಸರು ಬರೆದ ಅಂಗಿಯನ್ನು ತೊಟ್ಟು ಚೆನ್ನೈಗೋ ಕಲ್ಲಿಕೋಟೆಗೋ ಅಮೃತಸರಕ್ಕೋ ಆಡಲು ಹೋಗುವ ತರುಣ ತರುಣಿಯರು ವಿಶ್ವವಿದ್ಯಾನಿಲಯದ ಆವರಣದಲ್ಲಿ ಹುಟ್ಟಿದವರಲ್ಲ. ಅವರ ಕಾಲಿಗೆ ಓಟವನ್ನು, ತೋಳಿಗೆ ಕಸುವನ್ನು ಕೊಟ್ಟದ್ದು ಇಂಥ ಬಯಲುಗಳೇ. ವಿಶ್ವವಿದ್ಯಾನಿಲಯವು ಅವರನ್ನು ಆರಿಸಿಕೊಳ್ಳುತ್ತದೆ, ಬೆಳೆಸುವುದು ಊರು.

ಮೂರು ತಲೆಮಾರು, ಮೂರು ಅಂಗಿ

1997ನೆಯ ಇಸವಿಯ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆ ಉದಯವಾಯಿತು. ಚನ್ನಗಿರಿ ಮತ್ತು ಹೊನ್ನಾಳಿಗಳು ಶಿವಮೊಗ್ಗ ಜಿಲ್ಲೆಯಿಂದ ಬಂದು ಸೇರಿದವು. ಜಗಳೂರು ಚಿತ್ರದುರ್ಗದಿಂದ ಬಂದಿತು. ಹೊನ್ನಾಳಿಯ ಮಡಿಲಲ್ಲಿದ್ದ ನ್ಯಾಮತಿ 2018ರಲ್ಲಿ ಸ್ವತಂತ್ರ ತಾಲ್ಲೂಕಾಯಿತು. ಹೀಗೆ ಬೇರೆ ಬೇರೆ ಮನೆಗಳಿಂದ ಬಂದ ಸೊಸೆಯರಂತೆ ಈ ತಾಲ್ಲೂಕುಗಳು ಒಂದೇ ಸೂರಿನಡಿ ನೆಲೆಸಿವೆ. ಒಂದರಲ್ಲಿ ಅಡಿಕೆಯ ತೋಟ, ಇನ್ನೊಂದರಲ್ಲಿ ಭತ್ತದ ಗದ್ದೆ, ಮತ್ತೊಂದರಲ್ಲಿ ಮಳೆಯನ್ನು ಕಾಯುವ ಕೆಂಪು ಹೊಲ. ಮಾತಿನ ಧಾಟಿಯೂ ಬೇರೆ, ಊಟದ ರುಚಿಯೂ ಬೇರೆ.

ಉನ್ನತ ವಿದ್ಯಾಭ್ಯಾಸದ ಇತಿಹಾಸವೂ ಹೀಗೆಯೇ ಬದಲಾಗುತ್ತ ಬಂದಿದೆ. ಮೈಸೂರು ವಿಶ್ವವಿದ್ಯಾನಿಲಯವು 1916ರಲ್ಲಿ ಸ್ಥಾಪಿತವಾದಾಗ ಈ ಸೀಮೆಯೆಲ್ಲ ಅದರ ವ್ಯಾಪ್ತಿಗೆ ಸೇರಿತ್ತು. 1979ರಲ್ಲಿ ಆ ವಿಶ್ವವಿದ್ಯಾನಿಲಯದ ಸ್ನಾತಕೋತ್ತರ ಕೇಂದ್ರವೊಂದು ದಾವಣಗೆರೆಯಲ್ಲಿ ಆರಂಭವಾಯಿತು. 1987ರಲ್ಲಿ ಶಂಕರಘಟ್ಟದಲ್ಲಿ ಕುವೆಂಪು ವಿಶ್ವವಿದ್ಯಾನಿಲಯ ತಲೆಯೆತ್ತಿದಾಗ ಆ ಕೇಂದ್ರ ಅದರ ಅಂಗವಾಯಿತು. 2009ರಲ್ಲಿ ಅದೇ ಕೇಂದ್ರ ದಾವಣಗೆರೆ ವಿಶ್ವವಿದ್ಯಾನಿಲಯವಾಗಿ ಸ್ವಂತ ಕಾಲಿನ ಮೇಲೆ ನಿಂತಿತು. ನಗರದ ಹೊರಗೆ ತೋಳಹುಣಸೆಯ ಬಳಿ, ಶಿವಗಂಗೋತ್ರಿ ಎಂಬ ಹೆಸರಿನ ವಿಶಾಲವಾದ ಆವರಣ ಅದರ ನೆಲೆ.

ಆದ್ದರಿಂದ ಈ ತಾಲ್ಲೂಕುಗಳ ಒಂದೇ ಮನೆತನದಲ್ಲಿ ಮೂರು ತಲೆಮಾರಿನವರು ಮೂರು ವಿಶ್ವವಿದ್ಯಾನಿಲಯಗಳ ಅಂಗಿ ತೊಟ್ಟಿರುವ ಸಂಭವವುಂಟು. ಅಜ್ಜ ಮೈಸೂರಿನ ಪರವಾಗಿ, ಮಗ ಕುವೆಂಪು ವಿಶ್ವವಿದ್ಯಾನಿಲಯದ ಪರವಾಗಿ, ಮೊಮ್ಮಗಳು ದಾವಣಗೆರೆಯ ಪರವಾಗಿ. ಇದು ಬರಿಯ ಹೆಸರಿನ ಬದಲಾವಣೆಯಲ್ಲ. ಮೈಸೂರಿನ ಕಾಲದಲ್ಲಿ ಜಗಳೂರಿನ ಹುಡುಗನೊಬ್ಬ ಆಯ್ಕೆಯ ಪರೀಕ್ಷೆಗೆ ಮೈಸೂರಿಗೇ ಹೋಗಬೇಕಾಗಿ ಬಂದರೆ 250 ಕಿಲೋಮೀಟರಿಗೂ ಮಿಕ್ಕ ದಾರಿ. ಬಸ್ಸಿನ ಖರ್ಚು, ತಂಗಲು ಜಾಗ, ಅಪರಿಚಿತ ನಗರದ ಅಂಜಿಕೆ. ಇಷ್ಟನ್ನು ದಾಟಿದವನಿಗೆ ಮಾತ್ರ ಆಟದ ಮಾತು. ಈಗ ಅದೇ ಬಾಗಿಲು ಐವತ್ತು ಕಿಲೋಮೀಟರಿನ ಆಸುಪಾಸಿಗೆ ಬಂದು ನಿಂತಿದೆ. ಬೆಳಗಿನ ಬಸ್ಸು ಹತ್ತಿದವರು ಆಡಿ ಸಂಜೆಗೆ ಮನೆ ಸೇರಬಹುದು.

ಚನ್ನಗಿರಿ: ತೋಟದ ನೆರಳಿನಿಂದ ಬಯಲಿಗೆ

ಚನ್ನಗಿರಿ ಎಂಬ ಹೆಸರು ಕೆಳದಿಯ ರಾಣಿ ಚೆನ್ನಮ್ಮಾಜಿಯಿಂದ ಬಂದಿತೆಂದು ಪ್ರತೀತಿ. ಶಿವಾಜಿಯ ಮಗ ರಾಜಾರಾಮನಿಗೆ ಆಶ್ರಯವಿತ್ತು, ಔರಂಗಜೇಬನ ಸೈನ್ಯವನ್ನು ಎದುರಿಸಿದ ಆ ವೀರರಾಣಿಯ ನೆನಪು ಊರಿನ ಹೆಸರಿನಲ್ಲಿಯೇ ಉಳಿದುಬಂದಿದೆ. ಬೆಟ್ಟದ ಮೇಲಿನ ಕೋಟೆಯಿಂದ ಕಣ್ಣು ಹಾಯಿಸಿದರೆ ನಾಲ್ಕು ದಿಕ್ಕಿಗೂ ಅಡಿಕೆಯ ತೋಟಗಳ ಹಸಿರು. ತಾಲ್ಲೂಕಿನ ಸಂತೇಬೆನ್ನೂರಿನಲ್ಲಿ ಹನುಮಪ್ಪನಾಯಕನು ಹದಿನಾರನೆಯ ಶತಮಾನದಲ್ಲಿ ಕಟ್ಟಿಸಿದ ಪುಷ್ಕರಣಿ ಇದೆ. ಎರಡು ಗುಡ್ಡಗಳ ನಡುವೆ ನೀರನ್ನು ತಡೆದು ನಿಲ್ಲಿಸಿದ ಶಾಂತಿಸಾಗರ, ಅಂದರೆ ಜನರು ಸೂಳೆಕೆರೆ ಎಂದು ಕರೆಯುವ ಮಹಾ ಜಲಾಶಯವಿದೆ. ದೂರದ ಚಿತ್ರದುರ್ಗಕ್ಕೂ ಅದು ಕುಡಿಯುವ ನೀರನ್ನು ಒದಗಿಸುತ್ತದೆ.

ಇಷ್ಟು ಸಂಪತ್ತಿರುವ ನಾಡಿನಲ್ಲಿ ಆಟಕ್ಕೆ ಏನು ಕೊರತೆ ಎನಿಸಬಹುದು. ಕೊರತೆಯಿರುವುದು ಸಮಯಕ್ಕೆ. ಮಳೆ ಹಿಂದೆ ಸರಿದು ಅಂತರ ಕಾಲೇಜು ಪಂದ್ಯಗಳು ಆರಂಭವಾಗುವ ಹೊತ್ತಿಗೆ ತೋಟಗಳಲ್ಲಿ ಅಡಿಕೆಯ ಕೊಯ್ಲು ಭರದಿಂದ ಸಾಗಿರುತ್ತದೆ. ಕಾಯಿ ಕೊಯ್ಯಬೇಕು, ಸುಲಿಯಬೇಕು, ಬೇಯಿಸಬೇಕು, ಒಣಗಿಸಬೇಕು. ಒಂದು ದಿನ ತಡವಾದರೆ ಮಾಲು ಕೆಡುತ್ತದೆ. ತೋಟದ ಒಡೆಯರ ಮಕ್ಕಳಿಗೂ ಆಗ ಬಿಡುವಿಲ್ಲ. ಕೂಲಿಗೆ ಹೋಗುವ ಮನೆಗಳ ಮಕ್ಕಳಿಗಂತೂ ವರ್ಷದ ಸಂಪಾದನೆಯ ಕಾಲವೇ ಅದು. ಸಂಜೆ ನಾಲ್ಕಕ್ಕೆ ಅಭ್ಯಾಸಕ್ಕೆ ಬರಬೇಕಾದ ಕಬಡ್ಡಿಯ ಹುಡುಗನನ್ನು ಕಣದಿಂದ ಬಿಡಿಸಿಕೊಂಡು ಬರುವುದು ದೈಹಿಕ ಶಿಕ್ಷಣ ನಿರ್ದೇಶಕರ ಪಾಲಿಗೆ ಪಂದ್ಯ ಗೆಲ್ಲುವುದಕ್ಕಿಂತಲೂ ಕಷ್ಟದ ಕೆಲಸ.

ಕಬಡ್ಡಿಗೆ ಬೇಕಾದ ಸಲಕರಣೆಯಾದರೂ ಏನು? ಏಳು ಜನ, ಒಂದು ಅಂಗಳ, ಒಂದು ಉಸಿರು. ಹಳ್ಳಿಯ ಹುಡುಗರಿಗೆ ಈ ಆಟ ಒಲಿದಿರುವುದರಲ್ಲಿ ಆಶ್ಚರ್ಯವಿಲ್ಲ. ಆದರೆ ವಿಶ್ವವಿದ್ಯಾನಿಲಯದ ಮಟ್ಟದ ಕಬಡ್ಡಿ ಮಣ್ಣಿನ ಅಂಗಳದಲ್ಲಿ ನಡೆಯುವುದಿಲ್ಲ. ರಬ್ಬರಿನ ಹಾಸಿನ ಮೇಲೆ, ಬೂಟು ತೊಟ್ಟು ಆಡಬೇಕು. ಒಂದು ದಾಳಿಗೆ ಮೂವತ್ತು ಸೆಕೆಂಡು ಮಾತ್ರ. ಬರಿಗಾಲಿನಲ್ಲಿ ಮಣ್ಣನ್ನು ಕಚ್ಚಿ ನಿಲ್ಲುವ ಅಭ್ಯಾಸವಿದ್ದವನಿಗೆ ಹಾಸಿನ ಮೇಲೆ ಮೊದಲ ದಿನ ಕಾಲು ನಿಲ್ಲುವುದಿಲ್ಲ. ಈ ವ್ಯತ್ಯಾಸವನ್ನು ಎಷ್ಟು ಬೇಗ ಅರಗಿಸಿಕೊಳ್ಳುತ್ತಾನೋ ಅಷ್ಟು ಬೇಗ ಅವನು ತಂಡದ ಆಳಾಗುತ್ತಾನೆ.

ಹೊನ್ನಾಳಿ, ನ್ಯಾಮತಿ: ಮಟ್ಟಿಯ ಮಕ್ಕಳು

ಕೂಡಲಿಯಲ್ಲಿ ತುಂಗೆಯೂ ಭದ್ರೆಯೂ ಸಂಗಮವಾಗಿ ತುಂಗಭದ್ರೆಯಾಗಿ ಹರಿದು ಬರುವ ನದಿಯ ದಡದಲ್ಲಿ ಹೊನ್ನಾಳಿ ಇದೆ. ಹಿರೇಕಲ್ಮಠದ ಊರು. ಮಳೆಗಾಲದಲ್ಲಿ ನದಿ ಉಕ್ಕಿದಾಗ ದಡದ ಬೀದಿಗಳವರಿಗೆ ನಿದ್ದೆಯಿಲ್ಲ. ನೀರಿಳಿದ ಮೇಲೆ ಗದ್ದೆಗಳಲ್ಲಿ ಭತ್ತದ ಸಮೃದ್ಧಿ. ಇಲ್ಲಿಂದ ನ್ಯಾಮತಿ ಹತ್ತಿರದ ದಾರಿ. ನ್ಯಾಮತಿಯ ತಾಲ್ಲೂಕಿನಲ್ಲಿ ತೀರ್ಥರಾಮೇಶ್ವರದ ಬೆಟ್ಟವಿದೆ. ಬಂಜಾರ ಜನರ ಆರಾಧ್ಯರಾದ ಸಂತ ಸೇವಾಲಾಲರ ಜನ್ಮಸ್ಥಳ ಸೂರಗೊಂಡನಕೊಪ್ಪವೂ ಅಲ್ಲಿಯೇ ಇದೆ. ಪ್ರತಿ ಫೆಬ್ರವರಿಯಲ್ಲಿ ನಾನಾ ರಾಜ್ಯಗಳಿಂದ ಭಕ್ತರು ಅಲ್ಲಿಗೆ ಬಂದು ನೆರೆಯುತ್ತಾರೆ.

ಈ ಸೀಮೆಯ ಆಟವೆಂದರೆ ಕುಸ್ತಿ. ಸುಗ್ಗಿ ಮುಗಿದು ಜಾತ್ರೆಗಳ ಕಾಲ ಬಂದಿತೆಂದರೆ ಬಯಲು ಜಂಗೀ ಕುಸ್ತಿಯ ಸಾರು ಹಳ್ಳಿ ಹಳ್ಳಿಗೂ ಮುಟ್ಟುತ್ತದೆ. ಅಖಾಡದ ಸುತ್ತ ಜನ ಕಿಕ್ಕಿರಿದು ಕುಳಿತಿರುತ್ತಾರೆ. ಹಲಗೆಯ ಸದ್ದಿಗೆ ಪೈಲವಾನರು ತೊಡೆ ತಟ್ಟುತ್ತಾರೆ. ಹಿರಿಯರು ಇಬ್ಬರ ಮೈಕಟ್ಟನ್ನು ಕಣ್ಣಳತೆಯಲ್ಲಿಯೇ ತೂಗಿ ಜೋಡಿ ಹಚ್ಚುತ್ತಾರೆ. ಗೆದ್ದವನಿಗೆ ಬೆಳ್ಳಿಯ ಕಡಗವೋ, ನಗದು ಇನಾಮೋ, ದೊಡ್ಡ ಕುಸ್ತಿಯಾದರೆ ಬೆಳ್ಳಿಯ ಗದೆಯೋ ಸಿಗುತ್ತದೆ. ಎದುರಾಳಿಯ ಬೆನ್ನು ನೆಲಕ್ಕೆ ತಾಗಿದರೆ ಚಿತ್, ಅಲ್ಲಿಗೆ ವಾದವಿಲ್ಲ.

ಪೈಲವಾನನಿಗೆ ಗರಡಿ ಮನೆಯೇ ಪಾಠಶಾಲೆ. ಜರಡಿಯಾಡಿದ ಕೆಂಪು ಮಣ್ಣಿಗೆ ಎಣ್ಣೆ, ಮಜ್ಜಿಗೆ, ಅರಿಶಿನ, ಕರ್ಪೂರಗಳನ್ನು ಬೆರೆಸಿ ಹದಮಾಡಿದ ಮಟ್ಟಿ; ಗೋಡೆಯ ಮೇಲೆ ಆಂಜನೇಯನ ಪಟ; ಮೂಲೆಯಲ್ಲಿ ಒರಗಿಸಿದ ಮರದ ಜೋಡಿಗಳು. ಕೋಳಿ ಕೂಗುವ ಮೊದಲೇ ಎದ್ದು ದಂಡ, ಬಸ್ಕಿ ತೆಗೆದು, ಮಟ್ಟಿಯನ್ನು ತಲೆಗೆ ಸೋಕಿಸಿಕೊಂಡು ಇಳಿಯಬೇಕು. ಉಸ್ತಾದರ ಮಾತೇ ವೇದವಾಕ್ಯ. ಹಾಲು, ಬಾದಾಮಿ, ತುಪ್ಪಗಳ ಖರ್ಚು ಬಡವರ ಮನೆಗೆ ಭಾರವೇ ಸರಿ. ಆದರೂ ಮನೆಯಲ್ಲೊಬ್ಬ ಪೈಲವಾನನಿದ್ದಾನೆ ಎಂಬ ಅಭಿಮಾನಕ್ಕಾಗಿ ತಾಯಿಯಾದವಳು ಹಾಲನ್ನು ಡೈರಿಗೆ ಹಾಕದೆ ಮಗನಿಗೆ ಉಳಿಸುತ್ತಾಳೆ.

ಇಂಥ ಗರಡಿಯಿಂದ ಹೊರಟ ತರುಣ ಕಾಲೇಜು ಸೇರಿ ವಿಶ್ವವಿದ್ಯಾನಿಲಯದ ಆಯ್ಕೆಗೆ ನಿಂತಾಗ ಎದುರಾಗುವುದು ಬೇರೆಯೇ ಒಂದು ಲೋಕ. ಇಲ್ಲಿ ಕಣ್ಣಳತೆ ನಡೆಯುವುದಿಲ್ಲ, ತಕ್ಕಡಿ ತೀರ್ಮಾನಿಸುತ್ತದೆ. ಒಂದೊಂದು ತೂಕಕ್ಕೆ ಒಂದೊಂದು ವರ್ಗ. ಒಂಬತ್ತು ಮೀಟರು ವ್ಯಾಸದ ವೃತ್ತವಿರುವ ಹಾಸಿನ ಮೇಲೆ ಮೂರು ಮೂರು ನಿಮಿಷಗಳ ಎರಡು ಸುತ್ತು. ಚಿತ್ ಆಗದಿದ್ದರೂ ಅಂಕಗಳ ಮೇಲೆ ಸೋಲು ಗೆಲುವು. ಫ್ರೀಸ್ಟೈಲಿನಲ್ಲಿ ಹತ್ತು ಅಂಕಗಳ ಅಂತರವಾದರೆ ಕುಸ್ತಿ ಅಲ್ಲಿಗೇ ಮುಗಿಯುತ್ತದೆ. ಗ್ರೀಕೋ-ರೋಮನ್ ಶೈಲಿಯಲ್ಲಂತೂ ಸೊಂಟದಿಂದ ಕೆಳಗೆ ಕೈ ಹಾಕುವಂತೆಯೇ ಇಲ್ಲ. ಮಣ್ಣಿನಲ್ಲಿ ಅರ್ಧ ಗಂಟೆ ಎದುರಾಳಿಯನ್ನು ದಣಿಸಿ ಕೊನೆಗೊಂದು ಪಟ್ಟು ಹಾಕುವ ತಾಳ್ಮೆಯ ಕುಸ್ತಿಗೂ, ಆರು ನಿಮಿಷಗಳಲ್ಲಿ ಅಂಕ ಕೂಡಿಸುವ ಹಾಸಿನ ಕುಸ್ತಿಗೂ ಅಜಗಜಾಂತರ.

ನ್ಯಾಮತಿಯ ವಿಷಯದಲ್ಲಿ ಇನ್ನೊಂದು ಸ್ವಾರಸ್ಯವಿದೆ. ಅಲ್ಲಿಯ ಜನಕ್ಕೆ ತಮ್ಮ ಜಿಲ್ಲೆಯ ದಾವಣಗೆರೆಗಿಂತ ಪಕ್ಕದ ಜಿಲ್ಲೆಯ ಶಿವಮೊಗ್ಗವೇ ಹತ್ತಿರ. ಊರಿನ ಕಾಲೇಜಿನಲ್ಲಿ ಓದಿದವನು ದಾವಣಗೆರೆ ವಿಶ್ವವಿದ್ಯಾನಿಲಯದ ಆಟಗಾರ. ಬಸ್ಸು ಹತ್ತಿ ಶಿವಮೊಗ್ಗದ ಕಾಲೇಜು ಸೇರಿದವನು ಕುವೆಂಪು ವಿಶ್ವವಿದ್ಯಾನಿಲಯದವನು. ಎರಡೂ ದಕ್ಷಿಣ ವಲಯಕ್ಕೆ ಸೇರಿದವು. ಆದಕಾರಣ ಒಂದೇ ಮನೆಯಲ್ಲಿ ಒಂದೇ ಗಂಗಾಳದ ಅನ್ನ ಉಂಡ ಅಣ್ಣತಮ್ಮಂದಿರು ಯಾವುದೋ ದೂರದ ಊರಿನ ಅಂಗಳದಲ್ಲಿ ಎದುರುಬದುರು ನಿಲ್ಲುವ ಪ್ರಸಂಗ ಬಂದರೂ ಬರಬಹುದು. ಆಗ ತಾಯಿ ಯಾರ ಗೆಲುವಿಗೆ ಹರಕೆ ಹೊರಬೇಕು?

ಜಗಳೂರು: ಒಣನೆಲದ ಓಟಗಾರ್ತಿಯರು

ಪೂರ್ವದ ದಾರಿ ಹಿಡಿದರೆ ನೋಟವೇ ಬದಲಾಗುತ್ತದೆ. ತೋಟಗಳು ಹಿಂದೆ ಸರಿಯುತ್ತವೆ. ಮೆಕ್ಕೆಜೋಳ, ಶೇಂಗಾ ಬೆಳೆಯುವ ಹೊಲಗಳು ಎದುರಾಗುತ್ತವೆ. ಕುರುಚಲು ಗುಡ್ಡಗಳು, ಕಲ್ಲುಬಂಡೆಗಳು ಕಾಣುತ್ತವೆ. ಬರದ ತಾಲ್ಲೂಕೆಂದು ಜಗಳೂರಿಗೆ ಬಹುಕಾಲದಿಂದ ಬಂದ ಹೆಸರು. ತುಂಗಭದ್ರೆಯ ನೀರನ್ನು ಎತ್ತಿ 57 ಕೆರೆಗಳನ್ನು ತುಂಬಿಸುವ ಯೋಜನೆಯ ಮೇಲೆ ಇಲ್ಲಿಯ ರೈತರು ಇಟ್ಟುಕೊಂಡ ಆಸೆ ಅಷ್ಟಿಷ್ಟಲ್ಲ. ಸಿರಿಗೆರೆಯ ತರಳಬಾಳು ಮಠದವರು ಈಗ ಊರೂರುಗಳಲ್ಲಿ ನಡೆಸುವ ತರಳಬಾಳು ಹುಣ್ಣಿಮೆಯ ಮಹೋತ್ಸವ 1950ರಲ್ಲಿ ಮೊದಲು ನಡೆದದ್ದು ಈ ಊರಿನಲ್ಲಿಯೇ. ತಾಲ್ಲೂಕಿನ ರಂಗಯ್ಯನದುರ್ಗದ ಕಾಡು ಕೊಂಡುಕುರಿಗಳ ಅಭಯಾರಣ್ಯ. ನಾಲ್ಕು ಕೊಂಬುಗಳ ಆ ಪುಟ್ಟ ಜಿಂಕೆಯು ಸಪ್ಪಳವಾದರೆ ಕ್ಷಣಮಾತ್ರದಲ್ಲಿ ಪೊದೆಗಳ ನಡುವೆ ಮಾಯವಾಗುತ್ತದೆ.

ಖೋ ಖೋ ಆಟವನ್ನು ನೋಡಿದವರಿಗೆ ಆ ಪ್ರಾಣಿಯ ನೆನಪಾಗದಿರದು. ಎರಡು ಕಂಬಗಳ ನಡುವೆ ಒಂದೇ ಸಾಲಿನಲ್ಲಿ ಎಂಟು ಮಂದಿ, ಒಬ್ಬರು ಪೂರ್ವಕ್ಕೆ ಮುಖಮಾಡಿದರೆ ಪಕ್ಕದವರು ಪಶ್ಚಿಮಕ್ಕೆ ಮುಖಮಾಡಿ ಕುಳಿತಿರುತ್ತಾರೆ. ಒಂಬತ್ತನೆಯವಳು ಬೆನ್ನಟ್ಟುತ್ತಾಳೆ. ಅವಳು ದಿಕ್ಕು ಬದಲಿಸುವಂತಿಲ್ಲ, ಸಾಲನ್ನು ದಾಟುವಂತಿಲ್ಲ. ಕುಳಿತವಳ ಬೆನ್ನು ಮುಟ್ಟಿ 'ಖೋ' ಎನ್ನಬೇಕು. ಓಡುವವರಿಗೆ ಈ ಕಟ್ಟುಪಾಡಿಲ್ಲ. ಸಾಲಿನ ನಡುವೆ ಹಾವಿನಂತೆ ಸುಳಿಯುತ್ತಾರೆ. ಒಂಬತ್ತು ನಿಮಿಷಗಳ ಒಂದು ಸರದಿಯಲ್ಲಿ ಎಷ್ಟು ಜನರನ್ನು ಮುಟ್ಟಿದರೆಂಬುದೇ ಲೆಕ್ಕ. ಕಂಬದ ಬಳಿ ಮೈಯನ್ನು ಚಾಚಿ ಮುಟ್ಟಲು ನೆಗೆಯುವಾಗ ಮೊಣಕಾಲು ತರಚುವುದು ನಿತ್ಯದ ಮಾತು. ಈ ಆಟಕ್ಕೆ ಬೇಕಾದ್ದು ಒಣಗಿದ ಸಮತಟ್ಟಾದ ನೆಲ, ಚುರುಕಾದ ಕಾಲು, ಅರೆಕ್ಷಣದ ಬುದ್ಧಿ. ಮೊದಲನೆಯದನ್ನು ಜಗಳೂರಿಗೆ ಬರವೇ ಕೊಟ್ಟಿದೆ: ಮಳೆಯಿಂದಾಗಿ ಅಭ್ಯಾಸ ನಿಲ್ಲುವ ದಿನಗಳು ಅಲ್ಲಿ ಕಡಿಮೆ!

2025ರ ಜನವರಿಯಲ್ಲಿ ದೆಹಲಿಯಲ್ಲಿ ನಡೆದ ಮೊಟ್ಟಮೊದಲ ಖೋ ಖೋ ವಿಶ್ವಕಪ್ಪನ್ನು ಭಾರತದ ಪುರುಷರ ತಂಡವೂ ಮಹಿಳೆಯರ ತಂಡವೂ ಗೆದ್ದುವು. ಮಹಿಳೆಯರ ತಂಡದಲ್ಲಿ ಮೈಸೂರು ಜಿಲ್ಲೆಯ ಕುರುಬೂರು ಗ್ರಾಮದ ಬಿ. ಚೈತ್ರಾ ಇದ್ದರು. ನಮ್ಮ ಹಳ್ಳಿಯ ಹುಡುಗಿಯೊಬ್ಬಳು ಅಂಗಳದ ಆಟವನ್ನಾಡಿಯೇ ಜಗತ್ತನ್ನು ಗೆಲ್ಲಬಹುದೆಂಬ ಮಾತು ಆ ದಿನದಿಂದ ಕಟ್ಟುಕಥೆಯಾಗಿ ಉಳಿಯಲಿಲ್ಲ.

ಹೆಣ್ಣುಮಕ್ಕಳ ಆಟಕ್ಕೆ ಬಸ್ಸು ಬಹುದೊಡ್ಡ ಅಡ್ಡಿಯಾಗಿತ್ತು. 2023ರ ಜೂನ್ 11ರಿಂದ ರಾಜ್ಯದ ಸಾಮಾನ್ಯ ಸರ್ಕಾರಿ ಬಸ್ಸುಗಳಲ್ಲಿ ಮಹಿಳೆಯರಿಗೆ ಟಿಕೆಟ್ಟಿಲ್ಲದ ಪ್ರಯಾಣ ದೊರೆತ ಮೇಲೆ, ಅಂಥ ಬಸ್ಸು ಬರುವ ಊರುಗಳ ಮಟ್ಟಿಗೆ ಖರ್ಚಿನ ಪ್ರಶ್ನೆ ನೀಗಿದೆ. ಆದರೆ ವೇಳೆಯ ಪ್ರಶ್ನೆ ನೀಗಿಲ್ಲ. ಅಭ್ಯಾಸ ಮುಗಿಯುವುದು ಸೂರ್ಯ ಮುಳುಗುವ ಹೊತ್ತಿಗೆ. ಹಳ್ಳಿಯ ಕೊನೆಯ ಬಸ್ಸು ಅದಕ್ಕೆ ಕಾಯುವುದಿಲ್ಲ. ಮಗಳು ಬರುವವರೆಗೆ ರಸ್ತೆಯ ಮೇಲೆ ಕಣ್ಣಿಟ್ಟು ನಿಲ್ಲುವ ತಂದೆಯ ಮನಸ್ಸಿನಲ್ಲಿ ಅಭಿಮಾನಕ್ಕೂ ಆತಂಕಕ್ಕೂ ಸಮನಾದ ಪಾಲು.

ತಂಡ ಮೂಡುವ ಬಗೆ

ದಾವಣಗೆರೆ ಮತ್ತು ಚಿತ್ರದುರ್ಗ ಜಿಲ್ಲೆಗಳ ಕಾಲೇಜುಗಳ ನಡುವೆ ಮೊದಲು ಅಂತರ ಕಾಲೇಜು ಪಂದ್ಯಗಳು ನಡೆಯುತ್ತವೆ. ಪಂದ್ಯ ನಡೆಸುವ ಕಾಲೇಜಿನವರಿಗೆ ಅದೊಂದು ಮದುವೆಯ ಮನೆ. ಶಾಮಿಯಾನ, ಧ್ವನಿವರ್ಧಕ, ನೂರಾರು ಜನರಿಗೆ ಚಿತ್ರಾನ್ನ, ಪಲಾವು. ಪಂದ್ಯಗಳಲ್ಲಿ ಆಯ್ಕೆಗಾರರ ಕಣ್ಣಿಗೆ ಬಿದ್ದವರನ್ನು ಕರೆದು ಪರೀಕ್ಷಿಸಿ, ತಂಡವನ್ನು ಆರಿಸಿ, ಕೆಲವು ದಿನ ತರಬೇತಿಯ ಶಿಬಿರ ನಡೆಸುತ್ತಾರೆ. ಜಗಳೂರಿನ ಹುಡುಗಿ ಚನ್ನಗಿರಿಯ ಹುಡುಗಿಯ ಮುಖವನ್ನು ಮೊದಲ ಬಾರಿ ನೋಡುವುದು ಆಗಲೇ. ನಿನ್ನೆ ಎದುರಾಳಿಗಳಾಗಿದ್ದವರು ಇಂದು ಒಂದೇ ಕೋಣೆಯಲ್ಲಿ ಹಾಸಿಗೆ ಬಿಡಿಸುತ್ತಾರೆ. ರೊಟ್ಟಿಯ ಬುತ್ತಿಯೂ ಅಕ್ಕಿಯ ಕಡುಬೂ ಕೈ ಬದಲಾಗುತ್ತವೆ.

ಬಳಿಕ ಟ್ರ್ಯಾಕ್‌ಸೂಟಿನ ಬೆನ್ನಿನ ಮೇಲೆ ವಿಶ್ವವಿದ್ಯಾನಿಲಯದ ಹೆಸರು. ಖೋ ಖೋ, ಕಬಡ್ಡಿಯಂಥ ತಂಡದ ಆಟಗಳಾದರೆ ಮೊದಲು ದಕ್ಷಿಣ ವಲಯದ ಪಂದ್ಯಾವಳಿ. ಕರ್ನಾಟಕ, ಆಂಧ್ರ, ತೆಲಂಗಾಣ, ತಮಿಳುನಾಡು, ಕೇರಳಗಳ ಹತ್ತಾರು ವಿಶ್ವವಿದ್ಯಾನಿಲಯಗಳು ಅಲ್ಲಿ ಸೇರುತ್ತವೆ. ಸೋತವರು ಅಂದೇ ಮನೆಯ ದಾರಿ ಹಿಡಿಯಬೇಕು. ವಲಯದ ಮೊದಲ ನಾಲ್ಕು ಸ್ಥಾನ ಪಡೆದವರಿಗೆ ಮಾತ್ರ ಅಖಿಲ ಭಾರತ ಮಟ್ಟದ ಪ್ರವೇಶ. ಕುಸ್ತಿಯಂಥ ವೈಯಕ್ತಿಕ ಸ್ಪರ್ಧೆಗಳಲ್ಲಿ ಆರಿಸಿ ಬಂದವರು ನೇರವಾಗಿ ಅಖಿಲ ಭಾರತ ಕೂಟಕ್ಕೆ ಹೋಗುತ್ತಾರೆ. ಎರಡು ದಿನಗಳ ರೈಲಿನ ಪ್ರಯಾಣ, ಕಾಣದ ಊರು, ತಿಳಿಯದ ಭಾಷೆ. ಅಲ್ಲಿಯವರೆಗೆ ತಾಲ್ಲೂಕಿನ ಗಡಿ ದಾಟದಿದ್ದ ತರುಣನಿಗೆ ಭಾರತ ದೇಶದ ಪರಿಚಯವಾಗುವುದು ಹೀಗೆಯೇ.

ಉತ್ತರದ ಹಿರಿಯಣ್ಣಂದಿರು

ಆ ರೈಲಿನ ಕೊನೆಯಲ್ಲಿ ಕಾದಿರುವವರು ಸಾಮಾನ್ಯರಲ್ಲ. ಅಂತರ ವಿಶ್ವವಿದ್ಯಾನಿಲಯ ಕ್ರೀಡೆಗಳಲ್ಲಿ ಒಟ್ಟಾರೆ ಶ್ರೇಷ್ಠ ಸಾಧನೆ ತೋರಿದ ವಿಶ್ವವಿದ್ಯಾನಿಲಯಕ್ಕೆ ಮೌಲಾನಾ ಅಬುಲ್ ಕಲಾಂ ಆಜಾದ್ ಹೆಸರಿನ ಪಾರಿತೋಷಕವನ್ನು 1956-57ರಿಂದ ನೀಡಲಾಗುತ್ತಿದೆ. ಅದರ ಇತಿಹಾಸವನ್ನು ತಿರುವಿದರೆ ಉತ್ತರದ ಮೂರು ಹೆಸರುಗಳು ಮತ್ತೆ ಮತ್ತೆ ಕಾಣುತ್ತವೆ: ಚಂಡೀಗಢದ ಪಂಜಾಬ್ ವಿಶ್ವವಿದ್ಯಾನಿಲಯ, ಪಟಿಯಾಲದ ಪಂಜಾಬಿ ವಿಶ್ವವಿದ್ಯಾನಿಲಯ, ಅಮೃತಸರದ ಗುರುನಾನಕ್ ದೇವ್ ವಿಶ್ವವಿದ್ಯಾನಿಲಯ. 1969ರಲ್ಲಿ ಸ್ಥಾಪಿತವಾದ ಗುರುನಾನಕ್ ದೇವ್ ವಿಶ್ವವಿದ್ಯಾನಿಲಯವೊಂದೇ ಇಪ್ಪತ್ತಕ್ಕೂ ಹೆಚ್ಚು ಬಾರಿ ಅದನ್ನು ಗೆದ್ದಿದೆ. ಪಂಜಾಬ್ ವಿಶ್ವವಿದ್ಯಾನಿಲಯಕ್ಕೆ ಸೇರಿದ ಚಂಡೀಗಢದ ಡಿ.ಎ.ವಿ. ಕಾಲೇಜಿನ ವಿದ್ಯಾರ್ಥಿಯಾಗಿದ್ದ ನೀರಜ್ ಚೋಪ್ರಾ 2015ರ ಅಖಿಲ ಭಾರತ ಅಂತರ ವಿಶ್ವವಿದ್ಯಾನಿಲಯ ಕೂಟದಲ್ಲಿ ಭರ್ಜಿಯನ್ನು 81.04 ಮೀಟರು ಎಸೆದರು. ಆರು ವರ್ಷಗಳೊಳಗೆ ಅದೇ ತೋಳು ಟೋಕಿಯೋದಲ್ಲಿ ಒಲಿಂಪಿಕ್ ಚಿನ್ನವನ್ನು ತಂದಿತು.

ಈ ಯಶಸ್ಸು ಮಂತ್ರದಿಂದ ಬಂದುದಲ್ಲ. ತರಬೇತುದಾರರನ್ನು ತಯಾರಿಸುವ ರಾಷ್ಟ್ರೀಯ ಕ್ರೀಡಾ ಸಂಸ್ಥೆ 1961ರಿಂದ ಪಟಿಯಾಲದಲ್ಲಿಯೇ ಇದೆ. ಆಟಗಾರರನ್ನು ಹುಡುಕಿ ತಂದು ಓದಿಸುವ ಕಾಲೇಜುಗಳು, ಊಟ ವಸತಿಯ ವ್ಯವಸ್ಥೆ, ಸೇನೆ ಮತ್ತು ರೈಲ್ವೆಗಳಲ್ಲಿ ಕೆಲಸ ಸಿಗುವ ಭರವಸೆ ಎಲ್ಲವೂ ಅಲ್ಲಿ ಒಂದಕ್ಕೊಂದು ಪೂರಕವಾಗಿವೆ. 2020ರಲ್ಲಿ ಭುವನೇಶ್ವರದಲ್ಲಿ ಆರಂಭವಾದ ಖೇಲೋ ಇಂಡಿಯಾ ವಿಶ್ವವಿದ್ಯಾನಿಲಯ ಕ್ರೀಡಾಕೂಟದ ಮೊದಲ ಸಮಗ್ರ ಪ್ರಶಸ್ತಿಯೂ ಪಂಜಾಬ್ ವಿಶ್ವವಿದ್ಯಾನಿಲಯಕ್ಕೇ ಸಂದಿತು.

ಹಾಗೆಂದು ದಕ್ಷಿಣದವರು ತಲೆ ತಗ್ಗಿಸಬೇಕಾಗಿಲ್ಲ. 2022ರಲ್ಲಿ ಬೆಂಗಳೂರಿನಲ್ಲಿ ನಡೆದ ಎರಡನೆಯ ಕೂಟದಲ್ಲಿ ಆ ನಗರದ ಜೈನ್ ವಿಶ್ವವಿದ್ಯಾನಿಲಯವೇ ಅಗ್ರಸ್ಥಾನ ಪಡೆಯಿತು. ಮೂಡುಬಿದಿರೆಯ ಆಳ್ವಾಸ್ ಕಾಲೇಜಿನ ಕ್ರೀಡಾಪಟುಗಳ ಬಲದಿಂದ ಮಂಗಳೂರು ವಿಶ್ವವಿದ್ಯಾನಿಲಯ ಅಂತರ ವಿಶ್ವವಿದ್ಯಾನಿಲಯ ಅಥ್ಲೆಟಿಕ್ ಕೂಟಗಳಲ್ಲಿ ಹಲವು ಬಾರಿ ಸಮಗ್ರ ಪ್ರಶಸ್ತಿ ಗೆದ್ದಿದೆ. ಊಟ, ವಸತಿ, ಗುರು ಈ ಮೂರನ್ನೂ ಒಂದೆಡೆ ಕೂಡಿಸಿದರೆ ಕನ್ನಡದ ಮಕ್ಕಳೂ ಪಂಜಾಬಿನವರಿಗೆ ಸಮಸಮ ನಿಲ್ಲಬಲ್ಲರೆಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ಎರಡು ಜಿಲ್ಲೆಗಳ ಕಿರಿಯ ವಿಶ್ವವಿದ್ಯಾನಿಲಯದ ಪಾಡು ಇಲ್ಲಿಯೇ ಸೂಕ್ಷ್ಮವಾಗಿರುವುದು. ಬಾಗಿಲು ಮನೆಯ ಹತ್ತಿರ ಬಂದಿತು, ನಿಜ. ಹಿಂದೆ ಅರ್ಧ ರಾಜ್ಯದ ಹುಡುಗರಲ್ಲಿ ಹನ್ನೆರಡು ಜನರನ್ನು ಆರಿಸುತ್ತಿದ್ದರು. ಈಗ ಎರಡು ಜಿಲ್ಲೆಗಳಲ್ಲಿ ಅಷ್ಟೇ ಜನರನ್ನು ಆರಿಸಬೇಕು. ಜಗಳೂರಿನ ಹುಡುಗಿಗೆ ಅಂಗಿ ಸುಲಭವಾಗಿ ಸಿಕ್ಕಿತು. ಅದನ್ನು ತೊಟ್ಟು ಗೆಲ್ಲುವುದು ಮೊದಲಿಗಿಂತ ಕಠಿಣವಾಯಿತು. ಇದನ್ನು ನಷ್ಟವೆನ್ನಬೇಕೋ ಲಾಭವೆನ್ನಬೇಕೋ? ಪಾರಿತೋಷಕಗಳನ್ನು ಎಣಿಸುವವರು ನಷ್ಟವೆಂದಾರು. ಮನೆಗಳನ್ನು ಎಣಿಸುವವರು ಹಾಗೆನ್ನಲಾರರು.

ಇಪ್ಪತ್ತೈದರ ಗಡಿ

ಏಕೆಂದರೆ ಆ ಅಂಗಿಯ ಬೆಲೆ ಪದಕದಿಂದ ಮಾತ್ರ ತಿಳಿಯುವಂಥದಲ್ಲ. ಕೇಂದ್ರ ಸರ್ಕಾರದ 'ಸಿ' ವರ್ಗದ ಹುದ್ದೆಗಳಿಗೆ ಕ್ರೀಡಾಪಟುಗಳನ್ನು ನೇಮಿಸಿಕೊಳ್ಳುವ ನಿಯಮದಲ್ಲಿ, ಅಂತರ ವಿಶ್ವವಿದ್ಯಾನಿಲಯ ಪಂದ್ಯಾವಳಿಯಲ್ಲಿ ತನ್ನ ವಿಶ್ವವಿದ್ಯಾನಿಲಯವನ್ನು ಪ್ರತಿನಿಧಿಸಿದವರೂ ಅರ್ಹರೆಂದು ಹೇಳಿದೆ. ಅದಕ್ಕೆ ಗೊತ್ತಾದ ನಮೂನೆಯ ಪ್ರಮಾಣಪತ್ರವೊಂದುಂಟು. ಪಟ್ಟಣದ ಮನೆಗಳಲ್ಲಿ ಇದೊಂದು ಕಾಗದ. ಹೊನ್ನಾಳಿಯ ಕೂಲಿಕಾರನ ಮನೆಯಲ್ಲಿ ತಲೆಮಾರಿನ ಭಾಗ್ಯ. ಪ್ಲಾಸ್ಟಿಕ್ಕಿನ ಹೊದಿಕೆ ಹಾಕಿಸಿ, ಮನೆಯ ಪಟ್ಟೆಪತ್ರಗಳೊಡನೆ ಟ್ರಂಕಿನಲ್ಲಿ ಇಡುವ ವಸ್ತು ಅದು. ಎಷ್ಟೋ ವಿಶ್ವವಿದ್ಯಾನಿಲಯಗಳಲ್ಲಿ ಇಂಥ ಆಟಗಾರರಿಗೆ 'ಬ್ಲೂ' ಎಂಬ ಗೌರವವೂ ಇದೆ. ಆಕ್ಸ್‌ಫರ್ಡ್, ಕೇಂಬ್ರಿಜ್‌ಗಳ ದೋಣಿಯ ಪಂದ್ಯಗಳಲ್ಲಿ ತೊಡುತ್ತಿದ್ದ ನೀಲಿ ಬಣ್ಣದಿಂದ ಬಂದ ಆ ಹೆಸರು ಸಾವಿರಾರು ಮೈಲು ದಾಟಿ ಕನ್ನಡದ ಹಳ್ಳಿಗಳಲ್ಲಿಯೂ ಚಲಾವಣೆಯಲ್ಲಿದೆ.

ಆದರೆ ಕಾಲ ಬಹಳ ಕಡಿಮೆ. ಅಂತರ ವಿಶ್ವವಿದ್ಯಾನಿಲಯ ಪಂದ್ಯಗಳಿಗೆ ಇಪ್ಪತ್ತೈದು ವರ್ಷಗಳ ಗಡಿ. ಹದಿನೇಳು ಹದಿನೆಂಟರಲ್ಲಿ ಕಾಲೇಜು ಸೇರಿದವರಿಗೆ ಪದವಿಯ ಮೂರು ನಾಲ್ಕು ವರ್ಷ. ಓದು ಮುಂದುವರಿದರೆ ಇನ್ನೆರಡು. ಅದರೊಳಗೆ ಒಂದು ವರ್ಷ ಮೊಣಕಾಲಿನ ಪೆಟ್ಟಿನಲ್ಲಿ ಹೋಗಬಹುದು, ಒಂದು ವರ್ಷ ಮನೆಯ ಕಷ್ಟದಲ್ಲಿ ಹೋಗಬಹುದು. ಹೆಣ್ಣುಮಕ್ಕಳ ಪಾಲಿಗೆ ಇನ್ನೂ ಮೊದಲೇ ಗಡಿ ಬೀಳುವುದುಂಟು. ಪದವಿಯ ಕೊನೆಯ ವರ್ಷ ಒಳ್ಳೆಯ ಸಂಬಂಧ ಬಂದಿತೆಂದು ಮದುವೆ ಗೊತ್ತಾದರೆ ಆಟದ ಬೂಟುಗಳು ಅಟ್ಟ ಸೇರುತ್ತವೆ. ಸೊಸೆ ಆಡುತ್ತಿದ್ದಳೆಂಬುದು ಅತ್ತೆಮನೆಯಲ್ಲಿ ತಿಳಿಯುವುದು ಕೆಲವೊಮ್ಮೆ ಅವಳ ಮೊಣಕಾಲಿನ ಗಾಯದ ಗುರುತಿನಿಂದ.

ಈ ಕಾರಣದಿಂದಲೇ ತಾಲ್ಲೂಕಿನ ಬಯಲು ಮುಖ್ಯವಾಗುತ್ತದೆ. ವಿಶ್ವವಿದ್ಯಾನಿಲಯದ ಶಿಬಿರ ಕೆಲವು ದಿನಗಳದು. ಅಷ್ಟರಲ್ಲಿ ಆಟವನ್ನು ಕಲಿಸಲಾಗುವುದಿಲ್ಲ, ಕಲಿತದ್ದನ್ನು ಒಪ್ಪವಿಡಬಹುದು. ಹತ್ತು ವರ್ಷದ ಮಗುವಾಗಿದ್ದಾಗಲೇ ಊರಿನಲ್ಲಿ ಓಡಲು ಒಂದು ನೆಲ, ನೋಡಿ ತಿದ್ದಲು ಒಬ್ಬ ಗುರು, ದೀಪ ಹಚ್ಚುವ ಹೊತ್ತಿಗೆ ಮನೆಗೆ ಮುಟ್ಟಿಸುವ ಒಂದು ಬಸ್ಸು ಇದ್ದರೆ, ಇಪ್ಪತ್ತರ ವಯಸ್ಸಿನಲ್ಲಿ ತಂಡ ತಾನಾಗಿ ಮೂಡುತ್ತದೆ. ಹಾಸಿನ ಕುಸ್ತಿಯ ಒಂದು ಅಂಕಣ ಹೊನ್ನಾಳಿಯ ಗರಡಿಯ ಪಕ್ಕದಲ್ಲಿಯೇ ಇದ್ದರೆ, ಕಬಡ್ಡಿಯ ಹಾಸು ಚನ್ನಗಿರಿಯ ಹುಡುಗನ ಕಾಲಿಗೆ ಮೊದಲೇ ಪರಿಚಯವಾದರೆ, ಅಮೃತಸರದವರೊಡನೆ ಸೆಣಸುವಾಗ ಅವರು ಮೊದಲ ಐದು ನಿಮಿಷಗಳನ್ನು ಬೆರಗಿನಲ್ಲಿಯೇ ಕಳೆಯಬೇಕಾಗುವುದಿಲ್ಲ.

ದಾವಣಗೆರೆಗೆ ಬಂದ ಪ್ರವಾಸಿಗರು ಬೆಣ್ಣೆದೋಸೆಯನ್ನು ಸವಿದ ಬಳಿಕ ಒಂದು ದಿನ ಬಿಡುವು ಮಾಡಿಕೊಂಡು ಈ ನಾಲ್ಕು ಪಟ್ಟಣಗಳಲ್ಲಿ ಒಂದಕ್ಕಾದರೂ ಹೋಗಿಬರುವುದು ಒಳ್ಳೆಯದು. ಸಂತೇಬೆನ್ನೂರಿನ ಪುಷ್ಕರಣಿ, ಚನ್ನಗಿರಿಯ ಕೋಟೆ, ತೀರ್ಥರಾಮೇಶ್ವರ, ರಂಗಯ್ಯನದುರ್ಗದ ಕಾಡು ಎಲ್ಲವೂ ನೋಡತಕ್ಕವೇ. ನೋಡಿ ಮುಗಿದ ಮೇಲೆ ಸಂಜೆ ಐದರ ಸುಮಾರಿಗೆ ಕಾಲೇಜಿನ ಬಯಲಿನ ಕಡೆ ನಡೆದರೆ, ಧೂಳಿನ ನಡುವೆ 'ಖೋ' ಎಂಬ ಕೂಗು ಕೇಳುತ್ತದೆ. ಆಡುತ್ತಿರುವವರಲ್ಲಿ ಯಾರು ಮುಂದಿನ ವರ್ಷ ವಿಶ್ವವಿದ್ಯಾನಿಲಯದ ಅಂಗಿ ತೊಡುವರೆಂದು ಹೇಳಲು ಬಾರದು. ಅವರಿಗೂ ಅದು ಗೊತ್ತಿಲ್ಲ. ಬಸ್ಸಿಗೆ ಇನ್ನೂ ಅರ್ಧ ಗಂಟೆಯಿದೆ ಎಂಬುದಷ್ಟೇ ಗೊತ್ತು.